ಗುಡಿಸಿದ ನೀರು

ಶೆಡ್ಡಿಗೆ ಬಂದ ಮೊದಲ ದಿನವೇ ಅವರು ಜೇಬಿನಿಂದ ಒಂದು ಅಯಸ್ಕಾಂತದ ತುಂಡು ತೆಗೆದು ನಾನು ಮಾಡಿದ್ದ ಹಡಗಿನ ಹೊಟ್ಟೆಗೆ ಹಿಡಿದರು. ಅದು ಟಪ್ಪನೆ ಅಂಟಿಕೊಂಡಿತು.

"ಸತ್ತಿ ನೋಡ ತಂಗಿ," ಅಂದರು. "ನೀನೂ ಸತ್ತಿ, ನಿನ್ನ ಹಡಗದಾಗಿನ ಮಂದೀನೂ ಸತ್ರು."

ತಗಡಿನ ಹಡಗು ಅದು. ಎರಡು ಮೊಳ ಉದ್ದ. ಬೆಸುಗೆ ಕಾಣದ ಹಾಗೆ ಉಜ್ಜಿ, ಬೂದು ಬಣ್ಣ ಬಳಿದು, ಅಂಚಿಗೆ ಪುಟ್ಟ ಕಟಕಟೆ ಕೂಡ ಕೂರಿಸಿ ನಾನು ಬೀಗುತ್ತಿದ್ದೆ. ಅವರನ್ನು ಕರೆತಂದಿದ್ದ ನನ್ನ ಸೋದರಮಾವ ನನ್ನ ಮುಖ ನೋಡಲಾಗದೆ ಶೆಡ್ಡಿನ ಸೂರು ನೋಡುತ್ತ ನಿಂತಿದ್ದ.

ಬೆಟಗೇರಿಯಲ್ಲಿ ಒಂದು ಕಾಲಕ್ಕೆ ಮಗ್ಗಗಳು ನಡೆಯುತ್ತಿದ್ದ ನಮ್ಮ ಶೆಡ್ಡಿನಲ್ಲಿ ಈಗ ನಾನು ಶಾಲೆ ಕಾಲೇಜುಗಳಿಗೆ ಬೇಕಾದ ಮಾದರಿಗಳನ್ನು ಮಾಡುತ್ತೇನೆ. ನೋಡಲಿಕ್ಕಷ್ಟೇ ಇರುವ ಗೊಂಬೆಗಳಲ್ಲ, ಗುಂಡಿ ಒತ್ತಿದರೆ ಕೆಲಸ ಮಾಡಿ ತೋರಿಸುವಂಥವು. ಗದಗಿನಲ್ಲಿ ಹೊಸದಾಗಿ ಏಳುತ್ತಿದ್ದ ಒಂದು ವಿಜ್ಞಾನ ಭವನದವರು ಸಮುದ್ರದ ವಿಭಾಗಕ್ಕೆ ಐದು ಮಾದರಿ ಕೇಳಿದ್ದರು. ಅಲೆ, ಉಬ್ಬರವಿಳಿತ, ದೀಪಸ್ತಂಭ, ಜಲಾಂತರ್ಗಾಮಿ ಸಲೀಸಾಗಿ ಮುಗಿದಿದ್ದವು. ಐದನೆಯದು ನನ್ನ ಕೈಗೆ ಹತ್ತುತ್ತಿರಲಿಲ್ಲ. ಯುದ್ಧಕಾಲದಲ್ಲಿ ವೈರಿಗಳು ಸಮುದ್ರದ ದಾರಿಗಳಲ್ಲಿ ಇಟ್ಟು ಹೋಗುವ ಸಿಡಿಗುಂಡುಗಳನ್ನು ತೆಗೆಯುವ ಹಡಗು ಅದು. ಆ ಸಿಡಿಗುಂಡಿಗೆ ಮೈನು ಅನ್ನುತ್ತಾರೆ, ತೆಗೆಯುವ ಕೆಲಸಕ್ಕೆ ಗುಡಿಸುವುದು ಅನ್ನುತ್ತಾರೆ. ಇಷ್ಟು ಬಿಟ್ಟರೆ ನನಗೇನೂ ಗೊತ್ತಿರಲಿಲ್ಲ. ಸಮುದ್ರವನ್ನೇ ನಾನು ಎರಡೇ ಸಲ ನೋಡಿದ್ದೆ, ಅದೂ ಮೊಣಕಾಲಿನ ಮಟ್ಟಕ್ಕೆ.

ಭವನದ ಸಂಯೋಜಕರಿಗೆ ಮಾತ್ರ ಎಲ್ಲ ಸ್ಪಷ್ಟವಿತ್ತು. "ಹಡಗ ಹೋಗಬೇಕು, ಗುಂಡು ಮ್ಯಾಲ ಏಳಬೇಕು, ಹುಡುಗೂರು ಚಪ್ಪಾಳಿ ಹೊಡಿಬೇಕು. ಅಷ್ಟ ನೋಡ್ರಿ ಮೇಡಂ."

ಚಿತ್ರಗಳನ್ನು ನೋಡಿ ನೋಡಿ ನನಗೆ ತಲೆ ಕೆಟ್ಟಾಗ ಮಾಮಾನಿಗೆ ತನ್ನ ಜೊತೆ ಓದಿದ ಗೆಳೆಯರೊಬ್ಬರ ನೆನಪಾಯಿತು. ಹುಡುಗಪ್ರಾಯದಲ್ಲೇ ನೌಕಾಪಡೆ ಸೇರಿ, ಇಂಥ ಹಡಗುಗಳಲ್ಲೇ ದುಡಿದು ನಿವೃತ್ತರಾಗಿ ಮುಳಗುಂದದಲ್ಲಿ ಹೊಲ ಮಾಡಿಕೊಂಡಿದ್ದವರು. ವಯಸ್ಸು ಎಪ್ಪತ್ತು ದಾಟಿತ್ತು. ಅವರೇ ಈ ಅಯಸ್ಕಾಂತದ ಕಾಕಾ.

ಅವತ್ತು ಚಹಾ ಕುಡಿಯುತ್ತ ಅವರು ಹೇಳಿದ್ದರಿಂದ ನನಗೆ ಮೊದಲ ಬಾರಿಗೆ ವಿಷಯ ತಲೆಗೆ ಹೋಯಿತು. ಹಳೆಯ ಕಾಲದ ಮೈನು ದಾರಕ್ಕೆ ಕಟ್ಟಿದ ಬಲೂನಿನ ಹಾಗೆ. ತಳದಲ್ಲಿ ಭಾರ, ಭಾರಕ್ಕೆ ತಂತಿ, ತಂತಿಯ ತುದಿಗೆ ನೀರಿನ ಮೇಲ್ಮೈಗಿಂತ ಸ್ವಲ್ಪ ಕೆಳಗೆ ತೇಲುವ ಕೊಂಬಿನ ಗುಂಡು. ಹಡಗಿನ ಹೊಟ್ಟೆ ಕೊಂಬಿಗೆ ತಾಗಿದರೆ ಸಿಡಿಯುತ್ತದೆ. ಇದನ್ನು ತೆಗೆಯುವುದು ಸುಲಭ: ಹಡಗು ಉದ್ದನೆಯ ಗರಗಸದಂಥ ತಂತಿಯನ್ನು ನೀರೊಳಗೆ ಎಳೆದುಕೊಂಡು ಹೋಗಿ ಗುಂಡಿನ ಕಟ್ಟು ಕತ್ತರಿಸಬೇಕು. ಗುಂಡು ಮೇಲೆದ್ದ ಕೂಡಲೇ ದೂರದಿಂದ ಬಂದೂಕು ಹಾರಿಸಿ ಮುಗಿಸಬೇಕು.

"ಆಮ್ಯಾಲ ಮಂದಿ ಶಾಣ್ಯಾ ಆದ್ರು," ಅಂದರು ಕಾಕಾ. "ತಳದಾಗ ಸುಮ್ಕ ಮಲಗೋ ಮೈನು ಮಾಡಿದ್ರು. ಮ್ಯಾಲ ಕಬ್ಬಿಣದ ಹಡಗ ಹಾದ್ರ ಅದಕ್ಕ ಖಬರ ಹತ್ತತೈತಿ. ಮುಟ್ಟೂದ ಬ್ಯಾಡ. ಅದಕ್ಕ ನಮ್ಮ ಹಡಗ ಕಟ್ಟಿಗೀದು. ಮೊಳಿ ಹಿತ್ತಾಳಿದು. ಅಡಿಗಿಮನ್ಯಾಗಿನ ಡಬ್ಬಿ ಸೈತ ಎಲ್ಲಿ ಇಡಬೇಕು ಅಂತ ಹುಕುಮ್ ಇತ್ತು."

"ಮತ್ತ ಅದನ್ನ ತಗಿಯೂದ ಹೆಂಗ್ರಿ ಕಾಕಾರ?"

"ಹಿಂದ ಉದ್ದಕ ಕರೆಂಟಿನ ಕೇಬಲ್ ಎಳಕೊಂಡ ಹೋಗೂದು. ನೀರಾಗ ಸುಳ್ಳ ಕಬ್ಬಿಣದ ಹಡಗ ಒಂದ ಹುಟ್ಟಸೂದು. ಮೈನಿಗೆ ಮೋಸ ಮಾಡೂದು."

ತಗಡಿನ ಹಡಗನ್ನು ಆ ಸಂಜೆಯೇ ಮೂಲೆಗೆ ಹಾಕಿದೆ. ಮಾಮಾ ಮೊದಲು ಮಗ್ಗ ರಿಪೇರಿ ಮಾಡುತ್ತಿದ್ದವನು. ಮರವೂ ಬರುತ್ತದೆ, ಲೋಹವೂ ಬರುತ್ತದೆ. ಸಾಗವಾನಿಯ ತೆಳ್ಳನೆ ಪಟ್ಟಿಗಳನ್ನು ಬಿಸಿನೀರಿನಲ್ಲಿ ನೆನೆಸಿ ಬಗ್ಗಿಸಿ ಹೊಸ ಒಡಲು ಕಟ್ಟಿದ. ಮೈನಿನ ತಳದ ಭಾರಕ್ಕೆ ಕಬ್ಬಿಣ ಬೇಡ ಅಂತ ನಾನು ಲಕ್ಷ್ಮೇಶ್ವರದ ಪೇಟೆಗೆ ಹೋದೆ. ಕಾಳಿನ ಅಂಗಡಿಗಳೆಲ್ಲ ಎಲೆಕ್ಟ್ರಾನಿಕ್ ತಕ್ಕಡಿಗೆ ಬದಲಾಗಿ ಹಳೆಯ ಹಿತ್ತಾಳೆ ತೂಕದ ಕಲ್ಲುಗಳು ಮೂಲೆ ಸೇರಿದ್ದವು. ಒಬ್ಬ ವ್ಯಾಪಾರಿ ಡಬ್ಬಿಗಟ್ಟಲೆ ಸುರಿದುಕೊಟ್ಟು, "ಏನ ತೂಗತೀರಿ ಬಾಯೋರ?" ಅಂತ ಕೇಳಿದರು. ಸಮುದ್ರ ಅಂದೆ. ಅವರು ನಕ್ಕರು. ನನಗೆ ನಗು ಬರಲಿಲ್ಲ. ಆ ದಿನಗಳಲ್ಲಿ ನನಗೆ ಯಾವುದಕ್ಕೂ ನಗು ಬರುತ್ತಿರಲಿಲ್ಲ. ಉದ್ಘಾಟನೆಯ ದಿನ ಗೊತ್ತಾಗಿತ್ತು. ಸಂಯೋಜಕರ ಫೋನು ದಿನಾ ಬರುತ್ತಿತ್ತು.

ಸಂಕಟ ಶುರುವಾದದ್ದು ತಂತಿಯಿಂದ. ಕಾಕಾ ಹೇಳಿದ ಪ್ರಕಾರ ಹಡಗಿನ ಹಿಂದಿನ ತಂತಿ ನೇರ ಬರಬಾರದು. ಹೊರಳಿ ಪಕ್ಕಕ್ಕೆ ಹರಡಿಕೊಂಡು ಬರಬೇಕು. ಅದಕ್ಕಾಗಿ ತಂತಿಯ ತುದಿಗೆ ನೀರೊಳಗೆ ಓರೆಯಾಗಿ ನಿಲ್ಲುವ ಹಲಗೆ ಇರುತ್ತದೆ. ಹಡಗು ಎಳೆದಂತೆ ನೀರು ಹಲಗೆಯನ್ನು ಹೊರಕ್ಕೆ ತಳ್ಳುತ್ತದೆ, ಗಾಳಿಪಟವನ್ನು ಗಾಳಿ ತಳ್ಳಿದ ಹಾಗೆ. ಹಲಗೆ ಮುಳುಗದಿರಲು ಮೇಲೆ ಒಂದು ತೇಲುವ ಬುರುಡೆ. ಹಡಗಿನ ಹತ್ತಿರ ತಂತಿ ಆಳದಲ್ಲೇ ಉಳಿಯಲು ಇನ್ನೊಂದು ಹಲಗೆ. ಕಾಕಾ ನೆಲದ ಮೇಲೆ ಸೀಮೆಸುಣ್ಣದಲ್ಲಿ ಎಲ್ಲವನ್ನೂ ಅಳತೆಯ ಸಮೇತ ಬರೆದರು. ಆ ಅಳತೆಯನ್ನೇ ಕಿರಿದು ಮಾಡಿ ನಾವು ಕತ್ತರಿಸಿದೆವು.

ಶೆಡ್ಡಿನ ಹಿಂದಿನ ನೀರಿನ ಹೌದಿಯಲ್ಲಿ ಬಿಟ್ಟರೆ ತಂತಿ ಹಡಗಿನ ಹಿಂದೆ ಬಾಲದ ಹಾಗೆ ಜೋತುಬಿತ್ತು. ಹಲಗೆ ತಳಕ್ಕೆ ಹೋಗಿ ಮಲಗಿತು. ಬುರುಡೆಯೂ ಅದರ ಹಿಂದೆ ಹೋಯಿತು. ತಂತಿ ದಪ್ಪ ಅಂತ ರೇಷ್ಮೆಯ ಹುರಿಗೆ ಬದಲಿಸಿದೆ. ವೇಗ ಸಾಲದು ಅಂತ ಮೋಟಾರು ಬದಲಿಸಿದೆ. ಆಗ ಹಡಗೇ ಅಡ್ಡ ತಿರುಗಿತು. ಕಾಕಾ ಪ್ರತಿಸಲವೂ, "ಅಳತಿ ಬರೋಬ್ಬರಿ ಐತಿ," ಅನ್ನುತ್ತಿದ್ದರು.

ಕೊನೆಗೆ ಹೊಳೆಯಿತು. ಅಳತೆ ಕಿರಿದಾಯಿತೇ ಹೊರತು ನೀರು ಕಿರಿದಾಗಲಿಲ್ಲ. ನಮ್ಮ ಹಡಗು ಎಷ್ಟು ಓಡಿದರೂ ನಿಜವಾದ ಹಡಗಿನ ಹಿಂದಿನ ನೀರಿಗಿರುವ ರಭಸ ಇಲ್ಲಿ ಹುಟ್ಟುವುದಿಲ್ಲ. ಹಲಗೆಯನ್ನು ಲೆಕ್ಕಕ್ಕಿಂತ ಮೂರು ಪಟ್ಟು ದೊಡ್ಡದು ಮಾಡಿದೆ.

ಕಾಕಾರಿಗೆ ಸಿಟ್ಟು ಬಂತು. "ನಮ್ಮ ಹಡಗದಾಗ ಇಷ್ಟ ದೊಡ್ಡ ಹಲಗಿ ಇರಲಿಲ್ಲ."

"ನಿಮ್ಮ ಹಡಗಿಗೆ ಸಮುದ್ರ ಇತ್ರಿ ಕಾಕಾರ. ನನ್ನ ಹಡಗಿಗೆ ಹೌದಿ ಐತಿ."

ಬಿಟ್ಟು ನೋಡಿದರೆ ಹುರಿ ಅಷ್ಟಷ್ಟೇ ಹೊರಳಿ ಪಕ್ಕಕ್ಕೆ ಹೊರಟಿತು. ಪೂರ್ತಿ ಹರಡುವ ಮೊದಲೇ ಹೌದಿಯ ಗೋಡೆ ಬಂತು. ಕಾಕಾ ಬಗ್ಗಿ ನೀರನ್ನೇ ನೋಡುತ್ತ, "ಇದಕ್ಕ ಜಾಗಾ ಬೇಕು," ಅಂದರು. ಭವನದ ಗಾಜಿನ ತೊಟ್ಟಿ ಇನ್ನೂ ಸಿದ್ಧವಾಗಿರಲಿಲ್ಲ. ಹಾಗಾಗಿ ಡಂಬಳದ ಕೆರೆಗೆ ಹೋಗುವುದು ಅಂತಾಯಿತು.

ಆ ವರ್ಷ ಕೆರೆ ತುಂಬಿತ್ತು. ಬೆಳಿಗ್ಗೆ ಗಾಳಿ ಏಳುವ ಮುಂಚೆ ನಾವು ಮೂವರೂ ದಂಡೆಯಲ್ಲಿದ್ದೆವು. ಮೊದಲ ಸಲ ಬಿಟ್ಟೆವು. ಹಡಗು ಸಣ್ಣ ಸದ್ದು ಮಾಡುತ್ತ ಹೊರಟಿತು. ಹಿಂದಿನ ಕೆಂಪು ಬುರುಡೆ ತನ್ನಷ್ಟಕ್ಕೆ ಓರೆಯಾಗಿ ಸರಿದು ದೂರ ಹೋಗಿ, ಹಡಗಿಗೆ ಸರಿಸಮವಾಗಿ ನೀರು ಸೀಳುತ್ತ ಬಂತು. ನಾವು ಕಟ್ಟಿದ್ದ ಗುಂಡುಗಳಲ್ಲಿ ಒಂದು ಪಳಕ್ಕನೆ ಮೇಲೆದ್ದಿತು. ಮಾಮಾ ಮಕ್ಕಳ ಹಾಗೆ ಕೂಗಿದ. ಕಾಕಾ ತಲೆಯ ಮೇಲಿನ ಟೋಪಿ ತೆಗೆದು ಮತ್ತೆ ಹಾಕಿಕೊಂಡರು.

ಎರಡನೆಯ ಸಲ ಗಾಳಿ ಬಂತು. ಹುರಿ ಜೊಂಡಿಗೆ ಸಿಕ್ಕಿತು. ಮುಂದೆ ಮೋಟಾರು ಎಳೆಯುತ್ತಿದೆ, ಹಿಂದೆ ಜೊಂಡು ಬಿಡುತ್ತಿಲ್ಲ. ಹಡಗಿನ ಹಿಂಭಾಗ ನೀರಿಗೆ ಬಗ್ಗಿತು. ನಾನು ರಿಮೋಟಿನ ಗುಂಡಿ ಬಿಡುವಷ್ಟರಲ್ಲಿ ನೀರು ಒಳನುಗ್ಗಿ ಮೂತಿ ಮೇಲಾಗಿ ಹಡಗು ಕಾಣದಾಯಿತು. ಹುರಿಯೂ ಕಿತ್ತುಕೊಂಡಿತ್ತು. ಕೆಂಪು ಬುರುಡೆ ಮಾತ್ರ ಏನೂ ಆಗಿಲ್ಲವೆಂಬಂತೆ ದಂಡೆಗೆ ತೇಲಿಬಂತು.

ನನಗೆ ಅಳು ಬರುವುದೊಂದು ಬಾಕಿ. ಇನ್ನೊಂದು ಒಡಲು ಕಟ್ಟುವಷ್ಟು ಸಮಯ ಇರಲಿಲ್ಲ. ಆ ಮೂಲೆಯಲ್ಲಿ ಎದೆಮಟ್ಟದ ನೀರು, ಕೆಳಗೆಲ್ಲ ಕೆಸರು. ಇಳಿದು ಕಾಲಲ್ಲಿ ತಡವಿದರೆ ಕೆಸರು ಕದಡಿ ಏನೂ ಕಾಣದಾಯಿತು.

"ಹೊರಗ ಬಾ ತಂಗಿ," ಅಂದರು ಕಾಕಾ. "ಹಗ್ಗಾ ಕೊಡ್ರಿ."

ಗಾಡಿಯಲ್ಲಿದ್ದ ಉದ್ದನೆಯ ಹಗ್ಗಕ್ಕೆ ಅಲ್ಲಲ್ಲಿ ತೂಕದ ಕಲ್ಲು ಕಟ್ಟಿದರು. ಒಂದು ತುದಿ ಮಾಮಾನ ಕೈಗೆ, ಒಂದು ತುದಿ ತಮ್ಮ ಕೈಗೆ. ಮೂಲೆಯ ಆ ಕಡೆ ದಂಡೆಯಲ್ಲಿ ಒಬ್ಬರು, ಈ ಕಡೆ ಒಬ್ಬರು, ನಡುವೆ ತಳ ಸವರುತ್ತ ಹಗ್ಗ. ಹೊಂದಿಕೊಂಡು ಹೆಜ್ಜೆ ಹಾಕುತ್ತ ಹೊರಟರು.

"ಮೊದಮೊದಲ ಮೈನು ತಗದದ್ದ ಹಿಂಗ ನೋಡು," ಅಂತ ಆ ದಂಡೆಯಿಂದ ಕೂಗಿ ಹೇಳಿದರು. "ಯುದ್ಧಕ್ಕಂತ ಕಟ್ಟಿದ ಹಡಗ ಎಲ್ಲಿದ್ದೂ ಆವಾಗ? ಮೀನ ಹಿಡಿಯೋ ಹಡಗಾನ ಎರಡೆರಡ ಕೂಡಿಸಿ ನಡುವ ತಂತಿ ಕಟ್ಟಿ ಕಳಸತಿದ್ರು. ಮೀನಗಾರ್ರಿಗೆ ಬಲಿ ಎಳದ ರೂಢಿ ಇತ್ತಲ್ಲ!"

ಮೂಲೆಯ ತುದಿ ಮುಟ್ಟಿದರು. ಹಗ್ಗಕ್ಕೆ ಏನೂ ಸಿಗಲಿಲ್ಲ. ಹಿಂದಕ್ಕೆ ಬಂದರು. ಜೊಂಡು ಸಿಕ್ಕಿತು. ಮತ್ತೆ ಹೋದರು. ಮಾಮಾ, "ಇಲ್ಲಿ ಇಲ್ಲ ಬಿಡಪಾ, ಆಳಕ್ಕ ಜಾರೇತಿ, ಆ ಕಡೆ ನೋಡೂಣು," ಅಂದ. ನನಗೂ ಹಾಗೇ ಅನ್ನಿಸಿತ್ತು. ಕಾಕಾ ಜಗ್ಗಲಿಲ್ಲ. ಅದೇ ನೀರಿನಲ್ಲಿ, ಅದೇ ದಾರಿಯಲ್ಲಿ ಮತ್ತೆ ಎಳೆಯಿಸಿದರು. ಹಗ್ಗ ಗಕ್ಕನೆ ನಿಂತಿತು. ನಾನು ಇಳಿದು ಕೈಹಾಕಿದೆ. ಸಾಗವಾನಿಯ ಮೈ ಕೈಗೆ ಸಿಕ್ಕಿತು. ಅಷ್ಟು ಸಲ ಹಗ್ಗ ಹಾದುಹೋದ ಜಾಗವೇ ಅದು. ಕೆಸರಿನಲ್ಲಿ ಅಡ್ಡ ಮಲಗಿದ್ದ ಹಡಗಿನ ಮೇಲಿಂದ ಹಗ್ಗ ಜಾರಿ ಜಾರಿ ಹೋಗಿತ್ತು.

ಕೆಸರು ತೊಳೆದು ಮೋಟಾರು ಬಿಸಿಲಿಗಿಟ್ಟು ದಂಡೆಯ ಮೇಲೆ ಬುತ್ತಿ ಬಿಚ್ಚಿದೆವು. ರೊಟ್ಟಿ ಮುರಿಯುತ್ತ ಕಾಕಾ ತಾವಾಗಿ ಮಾತು ತೆಗೆದರು.

"ಯುದ್ಧ ಮುಗದಿತ್ತು," ಅಂದರು. "ಮುಗದಿತ್ತು ಅಂದ್ರ ಖರೇನ ಮುಗದಿತ್ತು. ಪೇಢೆ ಹಂಚಿದ್ರು. ದೊಡ್ಡ ದೊಡ್ಡ ಹಡಗ ಎಲ್ಲಾ ಮನಿ ಕಡೆ ಹೊಳ್ಳಿದ್ವು. ನಮಗ ಮಾತ್ರ ಹುಕುಮ್ ಬಂತು, ಒಂದ ಬಂದರದ ಬಾಯಿ ಗುಡಸಬೇಕಂತ. ಯಾರ ಇಟ್ಟಾರ, ಎಷ್ಟ ಇಟ್ಟಾರ, ಪತ್ತೆ ಇಲ್ಲ. ಬೆಳಿಗ್ಗಿಂದ ಸಂಜೀತನಾ ಹೋಗೂದು, ಹೊಳ್ಳಿ ಬರೂದು. ಅದ ನೀರು. ನನಗಾಗ ಮೀಸಿ ಚಿಗುರೋ ವಯಸ್ಸು. ಬ್ಯಾಸರಾಗಿ ಸಾಯತಿದ್ವಿ."

ದಡದಲ್ಲಿ ಮೀನುಗಾರರು ದೋಣಿ ಎಳೆದಿಟ್ಟು ಕಾಯುತ್ತಿದ್ದರಂತೆ. ಅವರ ಭಾಷೆ ಇವರಿಗೆ ಬಾರದು. ಹಡಗು ದಡದ ಸನಿಹ ಬಂದಾಗಲೆಲ್ಲ ಒಬ್ಬರಲ್ಲ ಒಬ್ಬರು ಕೈ ಎತ್ತಿ ಕೇಳುತ್ತಿದ್ದರು: ಆಯಿತೇ? ಅಧಿಕಾರಿ ಅಂಗೈ ತೋರಿಸುತ್ತಿದ್ದರು: ತಡೆಯಿರಿ.

"ಒಂದಿನ ಒಂದ ಎಂಜಿನ್ ದೋಣಿ ಕೇಳಲಿಲ್ಲ. ನಾವು ಗುಡಿಸಿದ ದಾರಿ ಹಿಡದ ಹೋತು. ಏನೂ ಆಗಲಿಲ್ಲ. ಸಂಜೀಕ ಮೀನ ತುಂಬಕೊಂಡ ಬಂತು, ನಮಗೂ ಒಂದ ಬುಟ್ಟಿ ಕೊಟ್ರು. ಮರದಿನಾನೂ ಹೋದ್ರು. ಅದರ ಮರದಿನಾನೂ ಹೋದ್ರು. ನಾವೂ ಆತು ಅಂದ್ಕೊಂಡ್ವಿ."

ಮಾಮಾ ತಿನ್ನುವುದನ್ನು ನಿಲ್ಲಿಸಿದ್ದ.

"ಆ ಮೈನಿನಾಗ ಲೆಕ್ಕದ ಯಂತ್ರ ಇರತೈತಿ ತಂಗಿ. ಮೊದಲ ಹಾದವರನ್ನ ಬಿಡತೈತಿ. ಎರಡನೇದವರನ್ನೂ ಬಿಡತೈತಿ. ಗುಡಿಸೋ ಹಡಗ ಹೋಗಲಿ ಅಂತನ ಬಿಡತೈತಿ. ತನ್ನ ಲೆಕ್ಕ ತುಂಬಿದ ಮ್ಯಾಲ ಏಳತೈತಿ." ಅವರು ರೊಟ್ಟಿಯ ಪುಡಿಯನ್ನು ನೀರಿಗೆ ಕೊಡವಿದರು. "ನಮ್ಮ ದಾರ್ಯಾಗನ ಆತು. ಅವರೂ ದಿನಾ ಹೋಗಿಬಂದ ದಾರಿ. ಆಮ್ಯಾಲೂ ಅಲ್ಲೇ ಗುಡಿಸಿದ್ವಿ, ಭಾಳ ದಿನ. ಯಾರೂ ಬ್ಯಾಸರಾತು ಅನಲಿಲ್ಲ."

ದೂರದ ಗುಡ್ಡದ ಮೇಲೆ ಗಾಳಿಯಂತ್ರಗಳು ತಿರುಗುತ್ತಿದ್ದವು. ಗಾಡಿಯಲ್ಲಿ ಬೆಟಗೇರಿಗೆ ಬರುವತನಕ ಒದ್ದೆ ಹಡಗು ನನ್ನ ತೊಡೆಯ ಮೇಲಿತ್ತು.

ಭವನದ ತೊಟ್ಟಿ ಸಿದ್ಧವಾಯಿತು. ಒಂದು ಲಾರಿಯಷ್ಟು ಉದ್ದದ ಗಾಜಿನ ತೊಟ್ಟಿ. ಹಡಗನ್ನು ಬಿಟ್ಟು ತೋರಿಸಿದೆವು. ಗುಂಡುಗಳು ಒಂದೊಂದಾಗಿ ಎದ್ದವು. ಸಂಯೋಜಕರು ಖುಷಿಯಾದರು. ಕೆಲಸ ಮುಗಿಯಿತು ಅಂತಲೇ ಎಲ್ಲರೂ ತಿಳಿದರು.

ನನಗೆ ಮಾತ್ರ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಊಟಕ್ಕೆ ಕೂತರೆ ಅರ್ಧಕ್ಕೆ ಎದ್ದು ಶೆಡ್ಡಿಗೆ ಹೋಗುತ್ತಿದ್ದೆ. ಏನೂ ಮಾಡಲು ಇಲ್ಲದೆ ಇಕ್ಕಳ, ಸ್ಕ್ರೂ ಡ್ರೈವರುಗಳನ್ನು ಜೋಡಿಸಿ ಮತ್ತೆ ಕೆಡವುತ್ತಿದ್ದೆ. ಒಂದು ಸಲ ಹಾದರೆ ಗುಂಡು ಏಳುತ್ತದೆ, ಚಪ್ಪಾಳೆ ಬೀಳುತ್ತದೆ, ಸಮುದ್ರ ಸ್ವಚ್ಛವಾಗುತ್ತದೆ: ನಾನು ಮಾಡಿದ್ದು ಇದು. ಸುಳ್ಳೇನೂ ಅಲ್ಲ. ಆದರೆ ನನ್ನ ಮಾದರಿಯಲ್ಲಿ ಯುದ್ಧ ಮುಗಿದ ಮೇಲೆ ಏನೂ ಇರಲಿಲ್ಲ.

ಒಂದು ಮಧ್ಯಾಹ್ನ ಮಾಮಾನನ್ನು ಕೇಳಿದೆ. "ಮಾಮಾ, ಎಣಿಸಿ ಎಣಿಸಿ ಕಡೀಕ ಒಮ್ಮೆ ಏಳೋ ಅಂಥಾದ್ದು ಏನಾರ ಮಾಡಾಕ ಬರತೈತೇನು?"

ಅವನು ಬಹಳ ಯೋಚಿಸಲಿಲ್ಲ. ಅಟ್ಟ ಹತ್ತಿ ಹಳೆಯ ಮಗ್ಗದ ಒಂದು ಗಾಲಿ ಇಳಿಸಿದ. ನೇಯ್ದ ಸೀರೆಯನ್ನು ಸುತ್ತಿಕೊಳ್ಳುವ ಉರುಳೆಯದು. ಅಂಚಿನ ತುಂಬ ಹಲ್ಲು. ಒಂದು ಲೋಹದ ನಾಲಗೆ ಹಲ್ಲಿಗೆ ಬಿದ್ದು ಒಂದೊಂದೇ ಹಲ್ಲು ಮುಂದಕ್ಕೆ ತಳ್ಳುತ್ತದೆ. ಹಿಂದಕ್ಕೆ ಬರುವ ಮಾತೇ ಇಲ್ಲ. "ಇದರಕಿಂತ ಛಲೋ ಎಣಸಾಂವ ಯಾರು?" ಅಂದ.

ಸಂಯೋಜಕರು ಒಪ್ಪಲಿಲ್ಲ. "ಉದ್ಘಾಟನೆ ಮುಂದ ಬಂದೈತ್ರಿ ಮೇಡಂ. ಕೆಲಸ ಮಾಡೋ ತೊಟ್ಟಿ ಒಡೀತೀನಿ ಅಂತೀರಲ್ರಿ!"

"ಒಡಿಯಂಗಿಲ್ರಿ. ತಳದಾಗ ಒಂದ ತೂತು."

"ಸೋರಿದ್ರ?"

"ಸೋರಿದ್ರ ನನ್ನ ಮ್ಯಾಲ."

"ಮತ್ತ ಎಷ್ಟನೇ ಸಲಕ್ಕ ಏಳತೈತಿ ಅದು?"

"ಗೊತ್ತಿಲ್ರಿ. ಗೊತ್ತಿರಬಾರದು. ಅದಕ್ಕ ಮಾಡೂದು."

ಸಂಯೋಜಕರು ಒಳ್ಳೆಯ ಮನುಷ್ಯ, ಅವರ ತಲೆಯ ಮೇಲೆ ಅತಿಥಿಗಳ ಭಾರ ಇತ್ತು. ಗುಂಡು ಏಳುವ ಭಾಗ ಹಾಗೆಯೇ ಇರಬೇಕು, ಹೊಸದನ್ನು ಆಮೇಲೆ ತೋರಿಸಬೇಕು ಎಂಬ ಷರತ್ತಿನ ಮೇಲೆ ಬಿಟ್ಟರು. ವಿಚಿತ್ರವೆಂದರೆ ಕಾಕಾ ಕೂಡ ಬೇಡ ಅಂದರು. "ಮಂದಿ ನಿಂದರಂಗಿಲ್ಲ ತಂಗಿ. ಗುಡಿಸೂದನ್ನ ಯಾರೂ ನೋಡಂಗಿಲ್ಲ. ನಿನ್ನ ಹೆಸರ ಕೆಡತೈತಿ." ನಾನು ಕೇಳಲಿಲ್ಲ. ತೊಟ್ಟಿಯ ನೀರು ಬಿಟ್ಟೆವು.

ತಳದ ಗಾಜಿನ ಕೆಳಗೆ ಬೀಗದ ಪೆಟ್ಟಿಗೆ. ಪೆಟ್ಟಿಗೆಯ ಮೇಲ್ಭಾಗದಲ್ಲಿ, ಗಾಜಿಗೆ ತಾಗಿದಂತೆ, ಅಯಸ್ಕಾಂತ ಹಾದರೆ ತಾನಾಗಿ ಕೂಡಿಕೊಳ್ಳುವ ಸಣ್ಣ ಸ್ವಿಚ್ಚು. ಗುಡಿಸುವ ಹಡಗಿನ ಹಿಂದೆ ಉದ್ದನೆಯ ಬಾಲ ಕಟ್ಟಿ, ಅದರ ತುದಿಗೆ ಅಯಸ್ಕಾಂತ. ಕಾಕಾ ಹೇಳಿದ ಸುಳ್ಳು ಹಡಗು ಅದು. ಅದು ಹಾದಾಗೊಮ್ಮೆ ನಾಲಗೆ ಎದ್ದು ಗಾಲಿಯನ್ನು ಒಂದು ಹಲ್ಲು ತಳ್ಳುತ್ತದೆ. ಗಾಲಿಯಲ್ಲಿ ಒಂದೇ ಒಂದು ಕಚ್ಚು. ಕಚ್ಚು ಎದುರು ಬಂದರೆ ಕವಾಟ ತೆರೆದು ತಳದ ತೂತಿನಿಂದ ಪಂಪಿನ ನೀರು ಬುಗ್ಗೆಯಾಗಿ ಚಿಮ್ಮುತ್ತದೆ. ಆಟ ಶುರುವಾಗುವ ಮುಂಚೆ ಪೆಟ್ಟಿಗೆಯಲ್ಲಿ ಕೈಹಾಕಿ, ನೋಡದೆ, ಗಾಲಿಯನ್ನು ಗಿರ್ರನೆ ತಿರುಗಿಸಿ ಬೀಗ ಹಾಕಬೇಕು. ಜೊತೆಗೆ ಒಂದು ಪುಟ್ಟ ಸಾಮಾನು ಸಾಗಿಸುವ ದೋಣಿ, ತೊಟ್ಟಿಯ ಉದ್ದಕ್ಕೂ ದಾರದಿಂದ ಎಳೆಯುವಂಥದ್ದು. ಅದರ ಹೊಟ್ಟೆಯಲ್ಲೂ ಅಯಸ್ಕಾಂತ. ದಾರಿ ಸ್ವಚ್ಛವಾಯಿತು ಎಂದು ಯಾರಿಗೆ ಅನ್ನಿಸುತ್ತದೋ ಅವರು ದೋಣಿಯನ್ನು ಬಿಡಬಹುದು.

ನೀರು ತುಂಬಿದ ಕೂಡಲೇ ಸೋರಿತು. ಮತ್ತೆ ಖಾಲಿ ಮಾಡಿ, ಒರೆಸಿ ಒಣಗಿಸಿ, ಮಾಮಾ ರಬ್ಬರಿನ ಬಿಲ್ಲೆ ಕತ್ತರಿಸಿ ಕೂರಿಸಿದ. ಮತ್ತೆ ಸೋರಿತು. ಮೂರನೆಯ ಬಿಲ್ಲೆ ಹಿಡಿಯಿತು. ಉದ್ಘಾಟನೆಯ ಹಿಂದಿನ ಸಂಜೆ ಒಂದೇ ಒಂದು ಸಲ ಪೂರ್ತಿ ನಡೆಸಿ ನೋಡಲು ಸಿಕ್ಕಿತು. ಬುಗ್ಗೆ ಎದ್ದಿತು.

ಮರುದಿನ ಭವನದ ತುಂಬ ಜನ. ಮೊದಲ ಭಾಗಕ್ಕೆ ಅಂದುಕೊಂಡಂತೆ ಚಪ್ಪಾಳೆ. ಆಮೇಲೆ ನಾನು ಹೇಳಿದೆ: "ತಳದಲ್ಲಿ ಇನ್ನೊಂದು ಇದೆ. ಎಷ್ಟನೆಯ ಸಲಕ್ಕೆ ಏಳುತ್ತದೋ ನನಗೂ ತಿಳಿಯದು." ಅತಿಥಿಗಳು ಮುಂದೆ ಬಗ್ಗಿದರು. ಹಡಗು ಹೋಯಿತು, ಬಾಲ ಹಾಯಿತು, ಏನೂ ಇಲ್ಲ. ಹೊರಳಿ ಬಂತು, ಏನೂ ಇಲ್ಲ. ಮತ್ತೆ ಹೋಯಿತು. ಮುಖ್ಯ ಅತಿಥಿಗಳು ಗಡಿಯಾರ ನೋಡಿ ಮುಗುಳ್ನಕ್ಕು ದೀಪಸ್ತಂಭದ ಕಡೆ ನಡೆದರು. ಅವರ ಹಿಂದೆ ಇನ್ನುಳಿದವರೂ.

ಸಂಯೋಜಕರು ಕಿವಿಯ ಹತ್ತಿರ ಬಂದರು. "ಕೆಟ್ಟೈತೇನ್ರಿ?"

"ಇಲ್ರಿ, ಕೆಲಸ ಮಾಡಾಕತ್ತೈತಿ."

"ಏನೂ ಆಗವಲ್ದಲ್ರಿ?"

"ಅದ ಕೆಲಸ್ರಿ."

ಅವರು ಹಣೆ ಒರೆಸಿಕೊಂಡು ಅತಿಥಿಗಳ ಹಿಂದೆ ಹೋದರು. ಊಟದ ಗಂಟೆಯಾಯಿತು. ಸಭಾಂಗಣ ಬರಿದಾಯಿತು. ಕಾಕಾ ಮೊದಲೇ ಹೊರಗೆ ಹೋಗಿ ಬಾಗಿಲ ಹೊರಗಿನ ಕಟ್ಟೆಯ ಮೇಲೆ ಬೆನ್ನು ಹಾಕಿ ಕೂತಿದ್ದರು. ನಾನು ರಿಮೋಟು ಹಿಡಿದು ನಡೆಸುತ್ತಲೇ ಇದ್ದೆ. ಅಷ್ಟರಲ್ಲಿ ನನಗೇ ಅನುಮಾನ ಹತ್ತಿತು. ನಾಲಗೆ ಸಿಕ್ಕಿಕೊಂಡಿದ್ದರೆ? ಸ್ವಿಚ್ಚಿಗೆ ನೀರು ತಾಗಿದ್ದರೆ? ಇನ್ನೂ ಲೆಕ್ಕ ತುಂಬಿಲ್ಲವೋ, ಕೆಟ್ಟೇ ಹೋಗಿದೆಯೋ, ಹೊರಗಿನಿಂದ ಎರಡೂ ಒಂದೇ ರೀತಿ ಕಾಣುತ್ತವೆ. ಬೀಗದ ಕೈ ನನ್ನ ಸೊಂಟದಲ್ಲೇ ಇತ್ತು. ಬಗ್ಗಿ ಪೆಟ್ಟಿಗೆ ತೆರೆದರೆ ಒಂದು ನೋಟಕ್ಕೆ ತಿಳಿಯುತ್ತಿತ್ತು. ಕೈ ಎರಡು ಸಲ ಸೊಂಟಕ್ಕೆ ಹೋಯಿತು.

"ತಗದ ನೋಡೂಣೇನು?" ಅಂದ ಮಾಮಾ.

"ಬ್ಯಾಡ," ಅಂದೆ. ಆ ಬಂದರದ ಬಾಯಲ್ಲಿ ಯಾರ ಸೊಂಟದಲ್ಲೂ ಬೀಗದ ಕೈ ಇರಲಿಲ್ಲ.

ಅಡುಗೆಗೆ ಬಂದಿದ್ದ ಹೆಂಗಸರು ಮೂವರು, ಪಂಕ್ತಿ ಏಳುವತನಕ ಬಿಡುವು ಅಂತ, ಒಳಗೆ ಬಂದರು. ಏನಿದು ಅಂತ ಕೇಳಿದರು, ಹೇಳಿದೆ. ಅವರು ಹೋಗಲಿಲ್ಲ. ಸೆರಗಿನಿಂದ ಕೈ ಒರೆಸಿಕೊಳ್ಳುತ್ತ ಗಾಜಿಗೆ ಮುಖ ಹಚ್ಚಿ ನಿಂತರು. ಹಡಗು ಹೋಯಿತು, ಬಂತು.

"ಇನ್ನ ಇಲ್ಲ ತಗೀರಿ, ದೋಣಿ ಬಿಡ್ರಿ," ಅಂದಳು ಒಬ್ಬಳು.

"ತಡಿಯ ಯವ್ವಾ, ಇನ್ನೊಂದ ಸಲ ಹೋಗಲಿ," ಅಂದಳು ಹಿರಿಯಳು. "ದೋಣ್ಯಾಗ ಮಂದಿ ಇರತಾರ ಹೌದಲ್ಲೋ?"

ಇನ್ನೊಂದು ಸಲ ಆಯಿತು. ಅದರ ಮೇಲೆ ಇನ್ನೊಂದು. ಕೊನೆಗೆ ಹಿರಿಯಳೂ ಒಪ್ಪಿದಳು. ಅವಳೇ ದಾರ ಹಿಡಿದು ಎಳೆದಳು. ದೋಣಿ ತೊಟ್ಟಿಯ ಈ ತುದಿಯಿಂದ ಹೊರಟು, ನಡುವನ್ನು ದಾಟಿ, ಆ ತುದಿ ಮುಟ್ಟಿತು. ಏನೂ ಆಗಲಿಲ್ಲ. ಮೂವರೂ ಹೋ ಎಂದು ನಕ್ಕರು. ಹಿರಿಯಳು ನೆಟಿಗೆ ಮುರಿದು ದೃಷ್ಟಿ ತೆಗೆದಳು. ಹೊರಗಿನಿಂದ ಯಾರೋ ಸಾರಿನ ಬಕೇಟಿಗೆ ಕೂಗಿದರು. ಅವರು ಬಾಗಿಲ ಕಡೆ ತಿರುಗಿದರು. ನನ್ನ ಎದೆಯೂ ಹಗುರವಾಗಿತ್ತು, ಸುಳ್ಳೇಕೆ ಹೇಳಲಿ. ಮುಂದಿನ ಆಟಕ್ಕೆ ಇರಲಿ ಅಂತ ಮಾಮಾ ದಾರದ ಇನ್ನೊಂದು ತುದಿ ಹಿಡಿದು ದೋಣಿಯನ್ನು ಹಿಂದಕ್ಕೆ ಎಳೆದ.

ಬುಗ್ಗೆ ಎದ್ದಿತು.

ನೀರು ಸೂರಿನ ಕಡೆ ಚಿಮ್ಮಿ ಗಾಜಿನ ಹೊರಗೆಲ್ಲ ಬಿತ್ತು. ದೋಣಿ ಎಗರಿ ಬೋರಲಾಗಿ ತೇಲಿತು. ಬಾಗಿಲಲ್ಲಿದ್ದ ಹೆಂಗಸರು ನಿಂತಲ್ಲೇ ನಿಂತರು. ಹಿರಿಯಳು ಬಾಯಿಗೆ ಸೆರಗು ಒತ್ತಿಕೊಂಡಿದ್ದಳು. ಯಾರೂ ನಗಲಿಲ್ಲ. ಮಾಮಾ ದಾರ ಹಿಡಿದ ಕೈಯನ್ನೇ ನೋಡಿಕೊಳ್ಳುತ್ತಿದ್ದ.

ಸದ್ದಿಗೆ ಕಾಕಾ ಒಳಗೆ ಬಂದರು. ಓಡಿ ಬಂದಿರಬೇಕು, ಏದುಸಿರು ಬಿಡುತ್ತಿದ್ದರು. ಅವರ ಹಿಂದೆಯೇ ಸಂಯೋಜಕರು, ಕೈಯಲ್ಲಿನ್ನೂ ಅನ್ನ ಅಂಟಿತ್ತು. "ಎದ್ದಿತೇನ್ರಿ ಕಡೀಕ? ಅಬ್ಬಾ! ಹಂಗಾರ ಈಗ ಸ್ವಚ್ಛ ಆತು ಅನ್ರಿ."

ಕಾಕಾ ಅಂಗಿಯ ತೋಳು ಮಡಚದೆಯೇ ತೊಟ್ಟಿಗೆ ಕೈಹಾಕಿ ದೋಣಿಯನ್ನು ಎತ್ತಿದರು. ಒಳಗಿನ ನೀರು ಚೆಲ್ಲಿ, ಅಂಗಿಯ ಚುಂಗಿನಿಂದ ಒರೆಸಿ, ತೊಟ್ಟಿಯ ಕಟ್ಟೆಯ ಮೇಲೆ ಒಣಜಾಗದಲ್ಲಿ ಇಟ್ಟರು. ಆಮೇಲೆ ನನ್ನ ಮುಂದೆ ಕೈ ಚಾಚಿದರು. ನಾನು ಬೀಗದ ಕೈ ಕೊಟ್ಟೆ. ಅವರು ಮೊಣಕಾಲೂರಿ, ಮುಖ ಆ ಕಡೆ ತಿರುಗಿಸಿ, ಪೆಟ್ಟಿಗೆಯೊಳಗಿನ ಗಾಲಿಯನ್ನು ಗಿರ್ರನೆ ತಿರುಗಿಸಿದರು. ಬೀಗ ಹಾಕಿದ ಸದ್ದು ಬರಿದಾದ ಸಭಾಂಗಣದಲ್ಲಿ ಕೇಳಿಸಿತು.

ಹಿರಿಯ ಹೆಂಗಸು ಹತ್ತಿರ ಬಂದು ದೋಣಿಯ ಕಡೆ ಬೆರಳು ಮಾಡಿ, "ಮತ್ತ ಇದನ್ನ ಯಾವಾಗ ಬಿಡೂದ್ರಿ?" ಅಂತ ಕೇಳಿದಳು.

"ಅದು ಆಮ್ಯಾಲ," ಅಂದರು ಕಾಕಾ, ರಿಮೋಟನ್ನು ನನ್ನ ಕೈಯಿಂದ ತೆಗೆದುಕೊಳ್ಳುತ್ತ. "ಮೊದಲ ನಮ್ಮ ಹಡಗ ಹೋಗಲಿ."